ಕಾಪಿ ಮಾಡಿದ್ದು ಒಂದು, ಪೇಸ್ಟ್ ಆಗಿದ್ದು ಇನ್ನೊಂದು

ಈ ತಿಂಗಳು ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಒಂದೇ ಸಂಕಟ ಹೇಳುತ್ತವೆ. ಎಲ್ಲಿಂದಲೋ ಕಾಪಿ ಮಾಡಿದ ಬರಹ ಪುಟದ ಮೇಲೆ ಪೇಸ್ಟ್ ಮಾಡಿದಾಗ ಬೇರೇನೋ ಆಗಿ ಕೂರುತ್ತದೆ. ಮಳೆ ಕಡಿಮೆಯಾಗುವ ಹೊತ್ತಿಗೆ ಕೊಡಗಿನಲ್ಲಿ ಸ್ಮರಣ ಸಂಚಿಕೆ, ಒಕ್ಕದ (ಕೊಡವ ಮನೆತನದ) ಪುಸ್ತಕ, ಮದುವೆ ಪತ್ರಿಕೆಗಳ ಕೆಲಸ ಒಟ್ಟಿಗೇ ಶುರುವಾಗುತ್ತದೆ, ಅಲ್ವಾ? ಅದಕ್ಕೇ ಇರಬೇಕು. ಈ ಸಲ ಉಳಿದ ಪ್ರಶ್ನೆಗಳನ್ನು ಪಕ್ಕಕ್ಕಿಟ್ಟು ಇದೊಂದನ್ನೇ ತೆಗೆದುಕೊಂಡಿದ್ದೇನೆ.

ಹೊಸದಾಗಿ ಓದುತ್ತಿರುವವರಿಗೆ ಒಂದು ಮಾತು. ನಾನು ಮಡಿಕೇರಿಯಲ್ಲಿ ಒಂದು ಚಿಕ್ಕ ಡಿಟಿಪಿ ಅಂಗಡಿ ನಡೆಸುತ್ತೇನೆ. 1987ರಲ್ಲಿ ಪ್ರೆಸ್ಸಿನಲ್ಲಿ ಅಚ್ಚುಮೊಳೆ ಜೋಡಿಸುವ ಕೆಲಸಕ್ಕೆ ಸೇರಿದೆ. 1996ರಲ್ಲಿ ಕಂಪ್ಯೂಟರ್ ಮುಂದೆ ಕೂತೆ. ಇವತ್ತಿಗೂ ಅದೇ ಕೆಲಸ.

ಪ್ರಶ್ನೆ: ಅಕ್ಕ, ನಮ್ಮ ಶಾಲೆಯ ಸುವರ್ಣ ಮಹೋತ್ಸವಕ್ಕೆ ಸ್ಮರಣ ಸಂಚಿಕೆ ತರುತ್ತಿದ್ದೇವೆ. ಹಳೆ ವಿದ್ಯಾರ್ಥಿಗಳು ವಾಟ್ಸ್‌ಆಪ್‌ನಲ್ಲಿ ಲೇಖನ ಕಳಿಸುತ್ತಿದ್ದಾರೆ. ಅದನ್ನು ಪುಟ ಕಟ್ಟುವ ತಂತ್ರಾಂಶ ಪೇಜ್‌ಮೇಕರ್‌ನಲ್ಲಿ ಪೇಸ್ಟ್ ಮಾಡಿದರೆ ಸಾಲು ಸಾಲು ಪ್ರಶ್ನಾರ್ಥಕ ಚಿಹ್ನೆ. ಫಾಂಟ್ ಬದಲಿಸಿದರೂ ಹೋಗುತ್ತಿಲ್ಲ. ಇನ್ನು ಕೆಲವರ ವರ್ಡ್ ಫೈಲ್‌ನಿಂದ ಪೇಸ್ಟ್ ಮಾಡಿದರೆ ಪೌಂಡ್ ಗುರುತು, ಇಂಗ್ಲಿಷ್ ಅಕ್ಷರ ಎಲ್ಲ ಕಲಸಿಕೊಂಡು ಬರುತ್ತದೆ. ಎಲ್ಲವನ್ನೂ ಮತ್ತೆ ಟೈಪ್ ಮಾಡಬೇಕಾ?
— ಶಿಕ್ಷಕಿ, ಪೊನ್ನಂಪೇಟೆ

ಉತ್ತರ: ಬೇಡ ಟೀಚರ್. ಒಂದಕ್ಷರವನ್ನೂ ಮತ್ತೆ ಟೈಪ್ ಮಾಡಬೇಡಿ. ಆದರೆ ನಿಮ್ಮದು ಒಂದಲ್ಲ, ಎರಡು ತೊಂದರೆ. ಎರಡನ್ನೂ ಬೇರೆ ಬೇರೆಯಾಗಿಯೇ ನೋಡಬೇಕು.

ಮೊದಲು ಪ್ರಶ್ನಾರ್ಥಕ ಚಿಹ್ನೆ. ಮೊಬೈಲ್‌ನಲ್ಲಿ ಬರೆಯುವ ಕನ್ನಡವೆಲ್ಲ ಯೂನಿಕೋಡ್. ಅದರಲ್ಲಿ ಪ್ರತಿ ಕನ್ನಡ ಅಕ್ಷರಕ್ಕೂ ತನ್ನದೇ ಒಂದು ಸಂಖ್ಯೆ ಇದೆ. ಯೂನಿಕೋಡ್ ಪಟ್ಟಿಯಲ್ಲಿ ಕನ್ನಡಕ್ಕೆಂದೇ 128 ಜಾಗ ಮೀಸಲಿಟ್ಟಿದ್ದಾರೆ. ಪೇಜ್‌ಮೇಕರ್‌ಗೆ ಈ ಪಟ್ಟಿಯೇ ಗೊತ್ತಿಲ್ಲ. ಅದು 1985ರಲ್ಲಿ ಹುಟ್ಟಿದ ತಂತ್ರಾಂಶ. ಕೊನೆಯ ಆವೃತ್ತಿ 7 ಬಂದದ್ದು 2001ರಲ್ಲಿ. ಆಮೇಲೆ ಅದರ ಕಂಪನಿ ಅಡೋಬಿಯವರು ಅಂಥದ್ದೇ ಇನ್ನೊಂದು ತಂತ್ರಾಂಶ ಇನ್‌ಡಿಸೈನ್ ಕಡೆ ಹೋದರು. ತನಗೆ ಗೊತ್ತಿಲ್ಲದ ಅಕ್ಷರ ಬಂದಾಗ ಪೇಜ್‌ಮೇಕರ್‌ನಲ್ಲಿ ಅದರ ಜಾಗಕ್ಕೆ ಒಂದು ಪ್ರಶ್ನಾರ್ಥಕ ಚಿಹ್ನೆ ಬಂದು ಕೂರುತ್ತದೆ. ‘ಕೊಡಗು’ ಎಂದು ಪೇಸ್ಟ್ ಮಾಡಿ ನೋಡಿ. ಸರಿಯಾಗಿ 5 ಚಿಹ್ನೆ ಬರುತ್ತದೆ. ಕ, ಒತ್ವ, ಡ, ಗ, ಉಕಾರ: ಒಂದೊಂದಕ್ಕೆ ಒಂದೊಂದು. ಅಕ್ಷರ ಅಲ್ಲಿಗೆ ಹೋಯಿತು. ಪುಟದಲ್ಲಿ ಉಳಿದಿರುವುದು ನಿಜವಾದ ಪ್ರಶ್ನಾರ್ಥಕ ಚಿಹ್ನೆಯೇ. ಅದಕ್ಕೆ ಯಾವ ಫಾಂಟ್ ಹಾಕಿದರೂ ‘ಕೊಡಗು’ ವಾಪಸ್ ಬರುವುದಿಲ್ಲ. ಆ ಪುಟವನ್ನು ಅಳಿಸಿ, ವಾಟ್ಸ್‌ಆಪ್‌ನಲ್ಲಿರುವ ಮೂಲದಿಂದಲೇ ಮತ್ತೆ ಶುರು ಮಾಡಿ. ಹಾಗಾಗಿ ಕೆಲಸ ಮುಗಿಯುವವರೆಗೂ ಒಂದು ಸಂದೇಶವನ್ನೂ ಡಿಲೀಟ್ ಮಾಡಬೇಡಿ.

ಪೌಂಡ್ ಗುರುತಿನ ಕಥೆ ಬೇರೆ. ಅಲ್ಲಿ ಏನೂ ಕಳೆದಿಲ್ಲ. ಆ ಫೈಲ್ ಕಳಿಸಿದವರು ನುಡಿ ಅಥವಾ ಬರಹ ಎಂಬ ಕನ್ನಡ ಟೈಪಿಂಗ್ ತಂತ್ರಾಂಶದ ಹಳೆ ಫಾಂಟಿನಲ್ಲಿ ಟೈಪ್ ಮಾಡಿದ್ದಾರೆ. ನಾವು ಅದನ್ನು ಆಸ್ಕಿ ಅನ್ನುತ್ತೇವೆ. ಅಲ್ಲಿ ಕಂಪ್ಯೂಟರ್ ಲೆಕ್ಕಕ್ಕೆ ಇರುವುದು ಇಂಗ್ಲಿಷ್ ಅಕ್ಷರಗಳೇ, ಫಾಂಟ್ ಅವಕ್ಕೆ ಕನ್ನಡದ ಚಿತ್ರ ತೊಡಿಸಿರುತ್ತದೆ. ಅದೇ ‘ಕೊಡಗು’ ನುಡಿಯ ಆಸ್ಕಿಯಲ್ಲಿ 8 ಗುರುತು ಆಗುತ್ತದೆ: ದೊಡ್ಡ ಪಿ, ತಲೆ ಮೇಲೆ ಗೆರೆ ಇರುವ ಇ, ಎ ಮತ್ತು ಇ ಅಂಟಿಕೊಂಡಂಥ ಒಂದು ಅಕ್ಷರ, ಸಣ್ಣ ಕ್ಯು, ಓರೆಗೆರೆ ಹೊತ್ತ ಎ, ದೊಡ್ಡ ಯು, ಮತ್ತೆ ಅದೇ ಎ, ಕೊನೆಗೆ ಎರಡು ಚುಕ್ಕೆಯ ಎ. ಪೇಜ್‌ಮೇಕರ್‌ನಲ್ಲಿ ಅದನ್ನು ಸೆಲೆಕ್ಟ್ ಮಾಡಿ ನುಡಿ ಫಾಂಟ್ ಹಾಕಿದರೆ ಸಾಕು, ಕನ್ನಡ ಎದ್ದು ಬರುತ್ತದೆ. ಬರಹದ ಹಳೆ ಫಾಂಟಿಗೂ ನುಡಿಗೂ ಒಂದೇ ಲೆಕ್ಕ, ಹಾಗಾಗಿ ಅವೆರಡರ ನಡುವೆ ತೊಂದರೆ ಇಲ್ಲ. ಶ್ರೀಲಿಪಿ, ಆಕೃತಿ ಎಂಬ ಬೇರೆ ತಂತ್ರಾಂಶಗಳ ಫೈಲ್ ಆಗಿದ್ದರೆ ನುಡಿ ಫಾಂಟ್ ಕೆಲಸ ಮಾಡುವುದಿಲ್ಲ, ಅವುಗಳ ಅಕ್ಷರ ಜೋಡಣೆಯೇ ಬೇರೆ. ಅದಕ್ಕೇ ಲೇಖನ ಕಳಿಸುವವರ ಹತ್ತಿರ ಮೊದಲೇ ಕೇಳಿಕೊಳ್ಳಿ: ಯಾವುದರಲ್ಲಿ ಟೈಪ್ ಮಾಡಿದ್ದೀರಿ?

ಈಗ ಎಲ್ಲವನ್ನೂ ಒಂದೇ ಹಾದಿಗೆ ತರಬೇಕು. ಪೇಜ್‌ಮೇಕರನ್ನೇ ಇಟ್ಟುಕೊಳ್ಳುವುದಾದರೆ ಯೂನಿಕೋಡ್ ಲೇಖನಗಳನ್ನು ಆಸ್ಕಿಗೆ ಬದಲಿಸಿಕೊಂಡು ಆಮೇಲೆ ಪೇಸ್ಟ್ ಮಾಡಿ. ನುಡಿ, ಬರಹ ಎರಡರಲ್ಲೂ ಆ ಸೌಲಭ್ಯ ಇದೆ. ಆದರೆ ನನ್ನನ್ನು ಕೇಳಿದರೆ ಉಲ್ಟಾ ಮಾಡಿ ಅನ್ನುತ್ತೇನೆ. ಆಸ್ಕಿಯನ್ನು ಯೂನಿಕೋಡ್‌ಗೆ ತಂದು ಇನ್‌ಡಿಸೈನ್‌ನಲ್ಲಿ ಪುಟ ಕಟ್ಟಿ. 10 ವರ್ಷ ಕಳೆದ ಮೇಲೆ ಯಾರೋ ಮಗು ಆ ಸಂಚಿಕೆಯಲ್ಲಿ ತನ್ನ ಅಜ್ಜನ ಹೆಸರು ಹುಡುಕಿದರೆ ಸಿಗಬೇಕು. ಆಸ್ಕಿಯಲ್ಲಿ ಸಿಗುವುದಿಲ್ಲ. ಇನ್‌ಡಿಸೈನ್ 2012ರ ಸಿಎಸ್6 ಅಥವಾ ಅದರ ನಂತರದ್ದಾಗಿರಲಿ. ಪೇಸ್ಟ್ ಮಾಡಿದ ತಕ್ಷಣ ಒತ್ತಕ್ಷರ ಬಿಡಿಬಿಡಿಯಾಗಿ ಕಂಡರೆ ಗಾಬರಿ ಬೇಡ. ಪ್ಯಾರಾಗ್ರಾಫ್ ಪ್ಯಾನೆಲ್‌ನ ಮೂಲೆಯ ಮೆನು ತೆರೆದು ‘ವರ್ಲ್ಡ್ ರೆಡಿ ಪ್ಯಾರಾಗ್ರಾಫ್ ಕಂಪೋಸರ್’ ಆಯ್ಕೆ ಮಾಡಿ. ಒತ್ತುಗಳು ತಮ್ಮ ಜಾಗಕ್ಕೆ ಬಂದು ಕೂರುತ್ತವೆ. ಯಾವ ಫೈಲೂ ತೆರೆಯದೆ ಇರುವಾಗ ಇದನ್ನು ಒಮ್ಮೆ ಆಯ್ಕೆ ಮಾಡಿಟ್ಟರೆ ಮುಂದಿನ ಹೊಸ ಫೈಲುಗಳಿಗೆಲ್ಲ ಅದೇ ಬರುತ್ತದೆ. ಶಾಲೆಗೆ ದುಡ್ಡಿನ ತೊಂದರೆ ಇದ್ದರೆ ಸ್ಕ್ರೈಬಸ್ ಇದೆ, ಉಚಿತ. ಅದರ 1.6 ಆವೃತ್ತಿ 2024ರಲ್ಲಿ ಬಂತು. ಕನ್ನಡದ ಒತ್ತು ಅದರಲ್ಲೂ ಸರಿಯಾಗಿ ಕೂರುತ್ತದೆ.

ಬದಲಿಸುವಾಗ ಒಂದು ಎಚ್ಚರಿಕೆ. ಲೇಖನದ ನಡುವೆ ಇಮೇಲ್ ವಿಳಾಸವೋ ಇಂಗ್ಲಿಷ್ ಹೆಸರೋ ಇದ್ದರೆ ಪರಿವರ್ತಕ ಅದನ್ನೂ ಆಸ್ಕಿ ಕನ್ನಡ ಅಂದುಕೊಂಡು ಅರ್ಥವಿಲ್ಲದ ಅಕ್ಷರ ಮಾಡಿಬಿಡುತ್ತದೆ. ಅಂಥವನ್ನು ಮೊದಲೇ ಬೇರೆ ಕಡೆ ಎತ್ತಿಟ್ಟುಕೊಳ್ಳಿ.

ಪ್ರಶ್ನೆ: ಅಕ್ಕ, ನಮ್ಮ ಒಕ್ಕದ ವಂಶಾವಳಿ ಪುಸ್ತಕ ಮಾಡುತ್ತಿದ್ದೇನೆ. ದೊಡ್ಡಪ್ಪ ಹಿಂದೆ ನುಡಿಯಲ್ಲಿ ಟೈಪ್ ಮಾಡಿಸಿಟ್ಟಿದ್ದನ್ನು ಯೂನಿಕೋಡ್‌ಗೆ ಬದಲಿಸಿ ಇನ್‌ಡಿಸೈನ್‌ನಲ್ಲಿ ಪೇಸ್ಟ್ ಮಾಡಿದೆ. ಎಲ್ಲ ಸರಿಯಾಗಿಯೇ ಬಂತು. ಆದರೆ ‘ಐನ್‌ಮನೆ’ (ಒಕ್ಕದ ಮೂಲ ಮನೆ) ಇದ್ದ ಕಡೆಯೆಲ್ಲ ‘ಐನ್ಮನೆ’ ಆಗಿದೆ. ದೊಡ್ಡಪ್ಪ ನೋಡಿ ಬೇಜಾರು ಮಾಡಿಕೊಂಡರು. ಯಾಕೆ ಹೀಗೆ?
— ಓದುಗ, ನಾಪೋಕ್ಲು

ಉತ್ತರ: ದೊಡ್ಡಪ್ಪ ಬೇಜಾರು ಮಾಡಿಕೊಂಡದ್ದು ಸರಿಯೇ ತಮ್ಮ. ಈ ಪ್ರಶ್ನೆಗೆ ಸ್ವಲ್ಪ ಜಾಸ್ತಿ ಜಾಗ ತೆಗೆದುಕೊಳ್ಳುತ್ತೇನೆ. ಬೆಂಗಳೂರಿನ ಕಡೆ ಇದು ಆಗೊಮ್ಮೆ ಈಗೊಮ್ಮೆ ಬರುವ ತೊಂದರೆ. ನಮ್ಮ ಕೊಡಗಿನಲ್ಲಿ ಪುಟ ಪುಟದಲ್ಲೂ ಬರುತ್ತದೆ. ಕೊಡವರ ಭಾಷೆಯಾದ ಕೊಡವ ತಕ್ಕ್‌ನಲ್ಲಿ ಅರ್ಧಾಕ್ಷರಕ್ಕೆ ನಿಲ್ಲುವ ಪದಗಳು ಎಷ್ಟೊಂದು! ‘ತಕ್ಕ್’ ಅನ್ನುವ ಪದವೇ ಹಾಗೆ ನಿಲ್ಲುತ್ತದೆ. ಅದನ್ನು ಕನ್ನಡ ಲಿಪಿಯಲ್ಲಿ ಬರೆದು, ಪಕ್ಕಕ್ಕೆ ಇನ್ನೊಂದು ಪದ ಸೇರಿಸಿದ ಕೂಡಲೇ ಈ ತೊಂದರೆ ಎದುರಾಗುತ್ತದೆ.

ಒಳಗೆ ಆಗುವುದು ಇಷ್ಟು. ಹಳೆ ನುಡಿಯಲ್ಲಿ ‘ನ್’ ಒಂದು ಬೇರೆಯೇ ಆಕಾರ. ನ ಬರೆದು, ತಲೆ ಮೇಲೆ ಅರ್ಧಾಕ್ಷರದ ಕೊಂಡಿ ಅಂಟಿಸಿದ ಹಾಗೆ. ಅದರ ಪಕ್ಕ ಮ ಬಂದರೂ ಅವು ಅಂಟಿಕೊಳ್ಳುವುದಿಲ್ಲ. ಮೊಳೆ ಜೋಡಿಸುವಾಗಲೂ ಹಾಗೇ ಇತ್ತು. ಅರ್ಧಾಕ್ಷರದ ಮೊಳೆ ಬೇರೆ, ಒತ್ತಿನ ಮೊಳೆ ಬೇರೆ. ಯಾವುದನ್ನು ಕೈಗೆತ್ತಿಕೊಂಡೆವೋ ಅದೇ ಅಚ್ಚಾಗುತ್ತಿತ್ತು. ಯೂನಿಕೋಡ್‌ನಲ್ಲಿ ಹಾಗಲ್ಲ. ನ, ಅರ್ಧಾಕ್ಷರದ ಗುರುತು, ಮ ಮೂರೂ ಸಾಲಾಗಿ ಬಂದರೆ ಅದು ‘ನ್ಮ’ ಆಗಲೇಬೇಕು, ನಿಯಮವೇ ಅದು. ‘ಜನ್ಮ’ ಬರೆಯುವಾಗ ನಮಗೆ ಬೇಕಾದದ್ದೂ ಅದೇ. ಐನ್‌ಮನೆಯಲ್ಲಿ ಮಾತ್ರ ಬೇಡ. ಬೇಡ ಅಂತ ಹೇಳುವುದಕ್ಕೆ ನ್ ಮತ್ತು ಮ ನಡುವೆ ಒಂದು ಕಾಣದ ಗುರುತು ಇರಬೇಕು. ಅದಕ್ಕೆ ಅಗಲವಿಲ್ಲ, ಬಣ್ಣವಿಲ್ಲ, ಪ್ರಿಂಟಿನಲ್ಲಿ ಏನೂ ಬೀಳುವುದಿಲ್ಲ. ಕೆಲಸ ಒಂದೇ, ಎರಡು ಅಕ್ಷರ ಅಂಟದ ಹಾಗೆ ತಡೆಯುವುದು. ನಾನ್ ಜಾಯ್ನರ್ ಅನ್ನುತ್ತಾರೆ. ಆಸ್ಕಿಯಲ್ಲಿ ಇದರ ಅಗತ್ಯವೇ ಇರಲಿಲ್ಲ, ಹಾಗಾಗಿ ನಿಮ್ಮ ದೊಡ್ಡಪ್ಪನ ಫೈಲಿನಲ್ಲಿ ಅದು ಇಲ್ಲ. ಕೆಲವು ಪರಿವರ್ತಕಗಳು ತಾವಾಗಿಯೇ ಸೇರಿಸುತ್ತವೆ. ನೀವು ಬಳಸಿದ್ದು ಸೇರಿಸಿಲ್ಲ.

ಸರಿಮಾಡುವುದು ಸುಲಭ. ಇನ್‌ಡಿಸೈನ್‌ನಲ್ಲಿ ಒಂದೇ ಒಂದು ಕಡೆ ನ್ ಮತ್ತು ಮ ನಡುವೆ ಕರ್ಸರ್ ಇಡಿ. ಟೈಪ್ ಮೆನುವಿನಲ್ಲಿ ಇನ್ಸರ್ಟ್ ಸ್ಪೆಷಲ್ ಕ್ಯಾರೆಕ್ಟರ್, ಅದರೊಳಗೆ ‘ಅದರ್’ (Other), ಅದರೊಳಗೆ ನಾನ್ ಜಾಯ್ನರ್. ಒತ್ತಿದ ಕೂಡಲೇ ಒತ್ತು ಬಿಚ್ಚಿಕೊಂಡು ‘ಐನ್‌ಮನೆ’ ಆಗುತ್ತದೆ. ಕರ್ಸರ್ ನಡುವೆ ನಿಲ್ಲದೆ ಸತಾಯಿಸಿದರೆ ‘ನ್’ ವರೆಗೆ ಟೈಪ್ ಮಾಡಿ, ಗುರುತು ಹಾಕಿ, ಆಮೇಲೆ ‘ಮನೆ’ ಬರೆಯಿರಿ. ಹೀಗೆ ಸರಿಯಾದ ಪದವನ್ನು ಕಾಪಿ ಮಾಡಿ. ಫೈಂಡ್ ಚೇಂಜ್ ತೆರೆದು ಮೇಲಿನ ಬಾಕ್ಸ್‌ನಲ್ಲಿ ತಪ್ಪು ಪದ, ಕೆಳಗಿನ ಬಾಕ್ಸ್‌ನಲ್ಲಿ ಸರಿ ಪದ ಪೇಸ್ಟ್ ಮಾಡಿ. ಇಡೀ ಪುಸ್ತಕ ಒಂದು ನಿಮಿಷದಲ್ಲಿ ಸರಿಯಾಗುತ್ತದೆ. ‘ಐನ್‌ಮನೆಯಲ್ಲಿ’, ‘ಐನ್‌ಮನೆಗೆ’ ಎಲ್ಲವೂ ಅದರಲ್ಲೇ ಬಂದುಬಿಡುತ್ತವೆ.

ಆಮೇಲೆ ನಮ್ಮ ಹಬ್ಬದ ಹೆಸರು ‘ಕೈಲ್‌ಪೊಳ್ದ್’ ನೋಡಿ. ಅದೂ ‘ಕೈಲ್ಪೊಳ್ದ್’ ಆಗಿರುತ್ತದೆ, ಪ ಹೋಗಿ ಲ ಕೆಳಗೆ ಸಿಕ್ಕಿಕೊಂಡಿರುತ್ತದೆ. ಕೆಲವರು ಇದರಿಂದ ತಪ್ಪಿಸಿಕೊಳ್ಳಲು ನಡುವೆ ಸ್ಪೇಸ್ ಹಾಕುತ್ತಾರೆ. ನನಗೆ ಅದು ಒಪ್ಪುವುದಿಲ್ಲ. ಸಾಲಿನ ಕೊನೆಯಲ್ಲಿ ‘ಐನ್’ ಇಲ್ಲಿ, ‘ಮನೆ’ ಕೆಳಗೆ ಹೋಗಿ ಬೀಳುತ್ತದೆ. ಹುಡುಕುವಾಗಲೂ ಪೂರ್ತಿ ಪದ ಸಿಗುವುದಿಲ್ಲ.

ಒಂದು ಅಭ್ಯಾಸ ಹೇಳುತ್ತೇನೆ. ಹೊಸ ಪರಿವರ್ತಕವೋ ಹೊಸ ಫಾಂಟೋ ಕೈಗೆ ಬಂದರೆ ನಾನು ಮೊದಲು 4 ಪದ ಹಾಕಿ ನೋಡುತ್ತೇನೆ: ಮಾರ್ಷಲ್, ಕಾರ್ಯಪ್ಪ, ಐನ್‌ಮನೆ, ರ್‍ಯಾಂಕ್. ಶನಿವಾರಸಂತೆಯಲ್ಲಿ ಹುಟ್ಟಿದ ಫೀಲ್ಡ್ ಮಾರ್ಷಲ್ ಕಾರ್ಯಪ್ಪನವರ ಹೆಸರು ನಮ್ಮ ಜಿಲ್ಲೆಯ ಯಾವ ಸಂಚಿಕೆಯಲ್ಲಿ ಇರುವುದಿಲ್ಲ ಹೇಳಿ? ಆ ಎರಡು ಪದಗಳಲ್ಲೂ ಅರ್ಕಾವತ್ತು ಇದೆ. ಆಸ್ಕಿಯಲ್ಲಿ ಅರ್ಕಾವತ್ತು ಅಕ್ಷರದ ನಂತರ ಬರುತ್ತದೆ. ಯೂನಿಕೋಡ್‌ನಲ್ಲಿ ರಕಾರ ಅಕ್ಷರಕ್ಕಿಂತ ಮೊದಲೇ ಬರಬೇಕು. ಪರಿವರ್ತಕ ಈ ಅದಲು ಬದಲು ಸರಿಯಾಗಿ ಮಾಡಿದೆಯೋ ಇಲ್ಲವೋ ಕಾರ್ಯಪ್ಪ ಅಂತ ಬರೆದರೆ ಗೊತ್ತಾಗಿಬಿಡುತ್ತದೆ. ಈ ನಾಲ್ಕೂ ಪದ ಸರಿ ಬಂದರೆ ಮಾತ್ರ ಮುಂದಿನ ಕೆಲಸ.

ವಂಶಾವಳಿಯಲ್ಲಿ ಲೇಖನಕ್ಕಿಂತ ಹೆಸರುಗಳೇ ಜಾಸ್ತಿ. ದಯವಿಟ್ಟು ಪೇಸ್ಟ್ ಮಾಡಿದ್ದನ್ನು ಒಬ್ಬರೇ ಸ್ಕ್ರೀನ್ ಮೇಲೆ ನೋಡಿ ಮುಗಿಸಬೇಡಿ. ನಮ್ಮ ಪ್ರೆಸ್ಸಿನಲ್ಲಿ ಕಾಪಿ ಅಂದರೆ ಲೇಖಕರ ಕೈಬರಹದ ಹಾಳೆ. ಒಬ್ಬರು ಕಾಪಿ ಹಿಡಿದು ಗಟ್ಟಿಯಾಗಿ ಓದುತ್ತಿದ್ದರು, ಇನ್ನೊಬ್ಬರು ಪ್ರೂಫ್ ಮೇಲೆ ಬೆರಳಿಟ್ಟು ನಡೆಯುತ್ತಿದ್ದರು. ನೀವು ದೊಡ್ಡಪ್ಪನ ಕೈಗೆ ಹಳೆ ಪ್ರಿಂಟ್ ಕೊಡಿ. ಅವರು ಓದಲಿ, ನೀವು ನೋಡಿ. ಅವರಿಗೂ ಸಮಾಧಾನ.

ಪ್ರಶ್ನೆ: ಲೇಖನದ ಜತೆ ಬಂದ ಫೋಟೋಗಳನ್ನು ವರ್ಡ್‌ನಿಂದ ಕಾಪಿ ಮಾಡಿ ಇನ್‌ಡಿಸೈನ್‌ನಲ್ಲಿ ಪೇಸ್ಟ್ ಮಾಡಿದ್ದೆ. ಸ್ಕ್ರೀನ್ ಮೇಲೆ ಚೆನ್ನಾಗಿತ್ತು. ಪ್ರಿಂಟ್‌ನಲ್ಲಿ ಮುಖಗಳು ಮಸುಕಾಗಿವೆ.
— ಓದುಗರು, ಸೋಮವಾರಪೇಟೆ

ಉತ್ತರ: ಅಕ್ಷರವನ್ನು ಪೇಸ್ಟ್ ಮಾಡಬಹುದು. ಫೋಟೋವನ್ನು ಪೇಸ್ಟ್ ಮಾಡಬೇಡಿ, ಪ್ಲೇಸ್ ಮಾಡಿ. ಕಂಟ್ರೋಲ್ ಮತ್ತು ಡಿ ಒತ್ತಿ, ಫೋಲ್ಡರಿನಲ್ಲಿರುವ ಫೈಲನ್ನೇ ಆರಿಸಿ ತನ್ನಿ. ಹಾಗೆ ತಂದ ಫೋಟೋದ ಹೆಸರು ಲಿಂಕ್ಸ್ ಪ್ಯಾನೆಲ್‌ನಲ್ಲಿ ಕಾಣುತ್ತದೆ. ಮೂಲ ಫೈಲಿನ ಪೂರ್ತಿ ಗುಣಮಟ್ಟವೂ ಪ್ರಿಂಟಿಗೆ ಸಿಗುತ್ತದೆ. ವರ್ಡ್‌ನಿಂದಲೋ ಇಂಟರ್ನೆಟ್‌ನಿಂದಲೋ ಪೇಸ್ಟ್ ಮಾಡಿದ್ದಕ್ಕೆ ಅಲ್ಲಿ ಹೆಸರೇ ಇರುವುದಿಲ್ಲ. ಎಷ್ಟು ಗುಣಮಟ್ಟ ಉಳಿಯಿತು, ಎಷ್ಟು ಹೋಯಿತು, ಏನೂ ಗೊತ್ತಾಗುವುದಿಲ್ಲ.

ಪ್ರಿಂಟಿಗೆ ಇಂಚಿಗೆ 300 ಪಿಕ್ಸೆಲ್ ಬೇಕು. ಅಂದರೆ 1200 ಪಿಕ್ಸೆಲ್ ಅಗಲದ ಫೋಟೋವನ್ನು 4 ಇಂಚು ಅಗಲಕ್ಕೆ ಹಾಕಬಹುದು. ಅದಕ್ಕಿಂತ ಹಿಗ್ಗಿಸಿದರೆ ಮಸುಕು.

ಫೋಟೋ ವರ್ಡ್‌ನಲ್ಲಿ ಮಾತ್ರ ಇದೆ, ಕಳಿಸಿದವರು ಫೋನ್ ಎತ್ತುತ್ತಿಲ್ಲ ಅಂದರೂ ದಾರಿ ಇದೆ. ಆ ವರ್ಡ್ ಫೈಲಿನ ಒಂದು ಪ್ರತಿ ಮಾಡಿಕೊಂಡು, ಹೆಸರಿನ ಕೊನೆಯ ಡಾಕ್‌ಎಕ್ಸ್ ಅಳಿಸಿ ಜಿಪ್ ಎಂದು ಬರೆಯಿರಿ. ತೆರೆದರೆ ಒಳಗೆ ‘ವರ್ಡ್’ ಎಂಬ ಫೋಲ್ಡರ್, ಅದರೊಳಗೆ ‘ಮೀಡಿಯಾ’. ಫೋಟೋಗಳೆಲ್ಲ ಅಲ್ಲಿರುತ್ತವೆ. ಅಲ್ಲಿಂದ ಎತ್ತಿಕೊಳ್ಳಿ. ಮುಂದಿನ ಸಲ ಎಲ್ಲರಿಗೂ ಹೇಳಿಬಿಡಿ: ವಾಟ್ಸ್‌ಆಪ್‌ನಲ್ಲಿ ಫೋಟೋ ಅಂತ ಕಳಿಸಬೇಡಿ, ಡಾಕ್ಯುಮೆಂಟ್ ಅಂತ ಕಳಿಸಿ. ಫೋಟೋ ಅಂತ ಕಳಿಸಿದರೆ ವಾಟ್ಸ್‌ಆಪ್ ಅದನ್ನು ಕುಗ್ಗಿಸುತ್ತದೆ.

ಪ್ರಶ್ನೆ: ಒಂದು ಪುಟದ ಲೇಖನವನ್ನು ಕಟ್ ಮಾಡಿ ಇನ್ನೊಂದು ಫೈಲಿಗೆ ಹಾಕಬೇಕೆಂದಿದ್ದೆ. ಅಷ್ಟರಲ್ಲಿ ಕರೆಂಟ್ ಹೋಯಿತು. ಮತ್ತೆ ಆನ್ ಮಾಡಿದರೆ ಎಲ್ಲೂ ಇಲ್ಲ.
— ಓದುಗರು, ಭಾಗಮಂಡಲ

ಉತ್ತರ: ಭಾಗಮಂಡಲದ ಮಳೆಯಲ್ಲಿ ಕರೆಂಟ್ ಕಥೆ ನನಗೆ ಹೇಳಬೇಕೇ! ಗಾಳಿಗೆ ಒಂದು ಮರ ಲೈನ್ ಮೇಲೆ ಬಿದ್ದರೆ ಎರಡು ದಿನ ಕತ್ತಲೆ.

ಕಟ್ ಮಾಡಿದ್ದು, ಕಾಪಿ ಮಾಡಿದ್ದು ಎರಡೂ ಹೋಗಿ ಕೂರುವುದು ಕಂಪ್ಯೂಟರಿನ ತಾತ್ಕಾಲಿಕ ಸ್ಮರಣೆಯಲ್ಲಿ. ಕರೆಂಟ್ ಹೋದರೆ ಅದೂ ಖಾಲಿ. ಕಾಪಿ ಮಾಡಿದ್ದಾದರೆ ಮೂಲದ ಜಾಗದಲ್ಲಿ ಲೇಖನ ಹಾಗೇ ಇರುತ್ತಿತ್ತು. ಹಾಗಾಗಿ ಒಂದು ಫೈಲಿನಿಂದ ಇನ್ನೊಂದಕ್ಕೆ ಸಾಗಿಸುವಾಗ ಕಟ್ ಬೇಡವೇ ಬೇಡ. ಕಾಪಿ ಮಾಡಿ, ಪೇಸ್ಟ್ ಮಾಡಿ, ಸೇವ್ ಮಾಡಿ. ಆಮೇಲೆ ಹಳೆಯದನ್ನು ಅಳಿಸಿ.

ಈಗ ಹೋದದ್ದಕ್ಕೆ: ಇನ್‌ಡಿಸೈನ್ ಆಗಿದ್ದರೆ ಮತ್ತೆ ತೆರೆದಾಗ ತಾನೇ ಉಳಿಸಿಕೊಂಡದ್ದನ್ನು ತೋರಿಸುತ್ತದೆ. ಅದರಲ್ಲೂ ಕಟ್ ಆದ ಮೇಲಿನ ಸ್ಥಿತಿಯೇ ಬಂದರೆ, ಸೇವ್ ಮಾಡದೆ ಮುಚ್ಚಿ. ಕೊನೆಯ ಸಲ ನೀವು ಸೇವ್ ಮಾಡಿದ ಫೈಲನ್ನು ತೆರೆಯಿರಿ. ಲೇಖನ ಅಲ್ಲೇ ಇದ್ದೀತು. ಪೇಜ್‌ಮೇಕರ್ ಇಟ್ಟುಕೊಂಡವರಿಗೂ ಒಂದು ಮಾತು. ಅದು ಪುಟ ತಿರುಗಿಸಿದಾಗಲೆಲ್ಲ ಒಂದು ಚಿಕ್ಕ ಸೇವ್ ಮಾಡಿಕೊಳ್ಳುತ್ತದೆ. ಶಿಫ್ಟ್ ಹಿಡಿದು ಫೈಲ್ ಮೆನುವಿನ ರಿವರ್ಟ್ ಒತ್ತಿದರೆ ಅಲ್ಲಿಗೆ ವಾಪಸ್ ಹೋಗಬಹುದು.

ವಿಂಡೋಸ್ 10 ಅಥವಾ 11 ಇದ್ದರೆ ವಿಂಡೋಸ್ ಕೀ ಮತ್ತು ವಿ ಒಟ್ಟಿಗೆ ಒತ್ತಿ. ಕ್ಲಿಪ್‌ಬೋರ್ಡ್ ಹಿಸ್ಟರಿ ಆನ್ ಮಾಡಲಾ ಎಂದು ಕೇಳುತ್ತದೆ. ಆನ್ ಮಾಡಿದರೆ ಕೊನೆಯ 25 ಕಾಪಿಗಳ ಪಟ್ಟಿ ಇರುತ್ತದೆ. ಕಂಪ್ಯೂಟರ್ ಮತ್ತೆ ಶುರುವಾದಾಗ ಆ ಪಟ್ಟಿ ಖಾಲಿಯಾಗುತ್ತದೆ, ಪಿನ್ ಮಾಡಿದ್ದು ಮಾತ್ರ ಉಳಿಯುತ್ತದೆ. ಎಲ್ಲಕ್ಕಿಂತ ಮೊದಲು ಒಂದು ಯುಪಿಎಸ್ ತೆಗೆದುಕೊಳ್ಳಿ. 10 ನಿಮಿಷ ನಿಂತರೂ ಸಾಕು.

ಪ್ರಶ್ನೆ: ಪ್ರೆಸ್ಸಿನವರು ಕೊಟ್ಟ ಕೋರಲ್ (ಚಿತ್ರ ವಿನ್ಯಾಸದ ತಂತ್ರಾಂಶ) ಫೈಲಿನಲ್ಲಿ ಅಕ್ಷರ ಸೆಲೆಕ್ಟ್ ಆಗುತ್ತಿಲ್ಲ, ಕಾಪಿಯೂ ಆಗುತ್ತಿಲ್ಲ.
— ಓದುಗರು, ಕುಶಾಲನಗರ

ಉತ್ತರ: ಅದು ಅಕ್ಷರವಾಗಿ ಉಳಿದಿಲ್ಲ. ಫಾಂಟ್ ಕೈಕೊಡಬಾರದು ಎಂದು ಪ್ಲೇಟ್‌ಗೆ ಕಳಿಸುವ ಮುಂಚೆ ಕರ್ವ್ ಮಾಡಿರುತ್ತಾರೆ. ಆಮೇಲೆ ಅದು ಬರೀ ಗೆರೆಗಳ ಚಿತ್ರ. ಕರ್ವ್ ಮಾಡುವ ಮೊದಲಿನ ಫೈಲ್ ಕೇಳಿ ಪಡೆಯಿರಿ. ಇನ್ನು ಮುಂದೆ ಕೆಲಸ ಕೊಡುವಾಗಲೇ ಎರಡೂ ಬೇಕು ಎಂದು ಹೇಳಿಬಿಡಿ.

ಪ್ರಶ್ನೆ: ಕಳೆದ ವರ್ಷದ ಸಂಚಿಕೆಯಿಂದ ಒಂದು ಲೇಖನ ಕಾಪಿ ಮಾಡಿ ಈ ವರ್ಷದ ಫೈಲಿಗೆ ಪೇಸ್ಟ್ ಮಾಡಿದೆ. ಅಕ್ಷರದ ಗಾತ್ರ, ಸಾಲಿನ ಅಂತರ ಎಲ್ಲ ಬದಲಾಗಿ ಪುಟ ಉಕ್ಕಿ ಹರಿಯಿತು.
— ಓದುಗರು, ಸಿದ್ದಾಪುರ

ಉತ್ತರ: ಎರಡೂ ಫೈಲಿನಲ್ಲಿ ‘ಲೇಖನ’ ಎಂಬ ಒಂದೇ ಹೆಸರಿನ ಸ್ಟೈಲ್ ಇರಬೇಕು. ಹಾಗಿದ್ದಾಗ ಇನ್‌ಡಿಸೈನ್ ಹೊಸ ಫೈಲಿನ ಅಳತೆಯನ್ನೇ ಹಾಕುತ್ತದೆ. ಹೆಸರು ಬೇರೆಯಾಗಿದ್ದರೆ ಹಳೆಯ ಸ್ಟೈಲು, ಹಳೆಯ ಬಣ್ಣ ಎಲ್ಲವೂ ಲೇಖನದ ಬೆನ್ನಿಗೇ ಹೊಸ ಫೈಲಿಗೆ ಬಂದು ಸೇರುತ್ತವೆ. ಬರೀ ಅಕ್ಷರ ಬೇಕಿದ್ದರೆ ಕಂಟ್ರೋಲ್, ಶಿಫ್ಟ್, ವಿ ಮೂರನ್ನೂ ಒಟ್ಟಿಗೆ ಒತ್ತಿ ಪೇಸ್ಟ್ ಮಾಡಿ. ಆದರೆ ಲೇಖನದ ಒಳಗೆ ದಪ್ಪಕ್ಷರ, ಓರೆ ಅಕ್ಷರ ಇದ್ದರೆ ಅವೂ ಹೋಗುತ್ತವೆ. ಕವಿತೆ, ಹಾಡು ಇದ್ದಾಗ ಮೂಲದ ಪ್ರಿಂಟ್ ಪಕ್ಕದಲ್ಲಿಟ್ಟುಕೊಂಡು ಮತ್ತೆ ಹಾಕಿ.

ಪ್ರಶ್ನೆ: ಮೇಡಂ, ನಾನು ಡಿಟಿಪಿ ಕೆಲಸಕ್ಕೆ ಸೇರಿ 3 ತಿಂಗಳಾಯಿತು. ಮದುವೆ ಪತ್ರಿಕೆಗೆ ಹಿಂದಿನವರ ಫೈಲ್ ಕಾಪಿ ಮಾಡಿ ಹೆಸರು ಬದಲಿಸು ಎನ್ನುತ್ತಾರೆ. ಬೇಗ ಆಗುತ್ತದೆ. ಆದರೆ ಏನಾದರೂ ಉಳಿದುಬಿಟ್ಟರೆ ಎಂದು ಭಯ.
— ಓದುಗಿ, ವಿರಾಜಪೇಟೆ

ಉತ್ತರ: ಆ ಭಯ ಇರಲಿ ತಂಗಿ, ಒಳ್ಳೆಯದು. ನನಗೆ 2004ರಲ್ಲಿ ಆ ಭಯ ಇರಲಿಲ್ಲ.

ಆ ವರ್ಷ ಒಂದು ಮದುವೆ ಪತ್ರಿಕೆ ಬಂತು, 500 ಪ್ರತಿ. ಹಿಂದಿನ ವಾರದ ಪತ್ರಿಕೆಯ ಫೈಲ್ ತೆರೆದೆ. ಹುಡುಗನ ಹೆಸರು, ಹುಡುಗಿಯ ಹೆಸರು, ಇಬ್ಬರ ತಂದೆ ತಾಯಿ, ತಾರೀಕು, ಮುಹೂರ್ತ ಎಲ್ಲ ಹೊಸದಾಗಿ ಪೇಸ್ಟ್ ಮಾಡಿದೆ. ಮನೆಯವರೂ ಪ್ರೂಫ್ ನೋಡಿದರು. ಅವರ ಕಣ್ಣು ಹೆಸರುಗಳ ಮೇಲೆ. ತಾರೀಕಿನ ಪಕ್ಕದಲ್ಲಿದ್ದ ವಾರ ಹಿಂದಿನ ಮದುವೆಯದ್ದೇ ಉಳಿದಿತ್ತು. ಬುಧವಾರದ ಮದುವೆಗೆ ಭಾನುವಾರ ಎಂದು ಅಚ್ಚಾಯಿತು. ಗೊತ್ತಾಗುವ ಹೊತ್ತಿಗೆ 120 ಪತ್ರಿಕೆ ಅಂಚೆಗೆ ಹೋಗಿತ್ತು.

ಮತ್ತೆ ಅಚ್ಚು ಮಾಡಲು ದಿನ ಇರಲಿಲ್ಲ. ಆ ರಾತ್ರಿ ‘ಬುಧವಾರ’ ಎಂಬ ಚೀಟಿಗಳನ್ನು ಪ್ರಿಂಟ್ ತೆಗೆದು, ಬ್ಲೇಡಿನಲ್ಲಿ ಕತ್ತರಿಸಿ, ಉಳಿದ 380 ಪತ್ರಿಕೆಗೂ ಗೋಂದಿನಲ್ಲಿ ಅಂಟಿಸಿದೆ. ಹುಡುಗಿಯ ಇಬ್ಬರು ಅಕ್ಕಂದಿರೂ ಜತೆಗೆ ಕೂತರು. ನನಗೆ ಒಂದು ಮಾತೂ ಅನ್ನಲಿಲ್ಲ. ಅದು ನನಗೆ ಇನ್ನೂ ಕಷ್ಟವಾಯಿತು. ಅಂಚೆಗೆ ಹೋದ 120 ಮನೆಗೆ ಅವರ ತಂದೆ ಒಂದೊಂದಾಗಿ ಫೋನ್ ಮಾಡಿದರು. ಫೋನ್ ಇಲ್ಲದ ಮನೆಗಳಿಗೆ ಜೀಪಿನಲ್ಲಿ ಹೋದರು.

ಅಂದಿನಿಂದ ನನ್ನ ಅಂಗಡಿಯಲ್ಲಿ ಒಬ್ಬ ಗಿರಾಕಿಯ ಫೈಲಿನ ಮೇಲೆ ಇನ್ನೊಬ್ಬರ ಕೆಲಸ ಮಾಡುವುದಿಲ್ಲ. ಬದಲಿಗೆ ಒಂದು ಮಾದರಿ ಫೈಲ್ ಇದೆ. ನೀನೂ ಹೀಗೆ ಒಂದು ಮಾಡಿಟ್ಟುಕೋ. ಬದಲಾಗುವ ಜಾಗಗಳಲ್ಲೆಲ್ಲ ಯಾರ ಹೆಸರೂ ಇಲ್ಲ. ‘ಹುಡುಗನ ಹೆಸರು ಇಲ್ಲಿ’, ‘ವಾರ ಇಲ್ಲಿ’, ‘ಸ್ಥಳ ಇಲ್ಲಿ’ ಎಂದು ಕೆಂಪು ಬಣ್ಣದಲ್ಲಿ ಬರೆದಿದ್ದೇನೆ. ತುಂಬಿದ ಹಾಗೆ ಒಂದೊಂದನ್ನೂ ಕಪ್ಪು ಮಾಡುತ್ತಾ ಹೋಗಬೇಕು. ಪುಟದಲ್ಲಿ ಕೆಂಪು ಉಳಿದಿದ್ದರೆ ಪ್ರೂಫ್ ತೆಗೆಯುವುದಿಲ್ಲ. ಹಿಂದಿನ ಮದುವೆಯ ಹೆಸರು ಕಪ್ಪಾಗಿ ಕೂತಿದ್ದರೆ ಕಣ್ಣಿಗೆ ಬೀಳುವುದಿಲ್ಲ, ಕೆಂಪು ಬೀಳುತ್ತದೆ.

ತಾರೀಕು ಮತ್ತು ವಾರವನ್ನು ಗೋಡೆಯ ಕ್ಯಾಲೆಂಡರ್‌ನಲ್ಲಿ ನೋಡಿ ಹೊಂದಿಸು, ಮನೆಯವರ ಚೀಟಿಯಲ್ಲಿ ಬರೆದದ್ದನ್ನು ಸುಮ್ನೆ ನಂಬಬೇಡ. ಪತ್ರಿಕೆಯಲ್ಲಿ ಫೋನ್ ನಂಬರ್ ಇದ್ದರೆ ಪ್ರೂಫ್‌ನಿಂದಲೇ ನೋಡಿ ಒಮ್ಮೆ ಡಯಲ್ ಮಾಡು. ಯಾರು ಎತ್ತುತ್ತಾರೆ ನೋಡು. ಯಜಮಾನರು ‘ಇಷ್ಟು ಹೊತ್ತು ಯಾಕೆ’ ಎಂದು ಕೇಳಿದರೆ ಈ ಪುಟ ತೋರಿಸು.

ಪ್ರಶ್ನೆ: ಇಂಟರ್ನೆಟ್‌ನಲ್ಲಿ ಸಿಕ್ಕಿದ ತಡಿಯಂಡಮೋಳ್ ಬೆಟ್ಟದ ಫೋಟೋ, ಒಂದು ಲೇಖನ ಎರಡನ್ನೂ ನಮ್ಮ ಸಂಘದ ಸಂಚಿಕೆಗೆ ಹಾಕಬಹುದಾ? ಹೆಸರು ಹಾಕಿದರೆ ಸಾಕಾ?
— ಓದುಗರು, ಅಮ್ಮತ್ತಿ

ಉತ್ತರ: ಹೆಸರು ಹಾಕಿದರೆ ಸಾಲದು, ಕೇಳಬೇಕು. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆಯ ಪ್ರಕಾರ ಬರಹದ ಹಕ್ಕು ಬರೆದವರು ತೀರಿಕೊಂಡ ಮೇಲೂ 60 ವರ್ಷ ಇರುತ್ತದೆ. ಫೋಟೋಗೂ ಹಕ್ಕು ಇದೆ. ಆ ಬೆಟ್ಟ ನಮ್ಮ ಜಿಲ್ಲೆಯಲ್ಲೇ ಇದೆ, ನಿಮ್ಮ ಸಂಘದ ಹುಡುಗರು ಒಂದು ಭಾನುವಾರ ಹತ್ತಿ ಬಂದರೆ 10 ಒಳ್ಳೆ ಫೋಟೋ ಸಿಗುತ್ತದೆ. ಮೂಲ ಫೈಲೂ ನಿಮ್ಮ ಹತ್ತಿರವೇ ಇರುತ್ತದೆ.

ಪ್ರಶ್ನೆ: ಪಿಡಿಎಫ್‌ನಿಂದ ಕನ್ನಡ ಕಾಪಿ ಮಾಡಿದರೆ ಸಾಲು ಸಾಲಿಗೂ ಎಂಟರ್ ಬಿದ್ದಿರುತ್ತದೆ, ಒತ್ತಕ್ಷರ ಹಿಂದೆ ಮುಂದೆ ಆಗಿರುತ್ತದೆ. ಹಳೆ ಸಂಚಿಕೆಯ ಸ್ಕ್ಯಾನ್ ಆದರೆ ಕಾಪಿಯೇ ಆಗುವುದಿಲ್ಲ.
— ಓದುಗರು, ಶನಿವಾರಸಂತೆ

ಉತ್ತರ: ಪಿಡಿಎಫ್ ಎಂದರೆ ಅಚ್ಚಾದ ಹಾಳೆಯ ಹಾಗೆ. ಯಾವ ಆಕಾರ ಎಲ್ಲಿ ಕೂರಬೇಕು ಎಂಬುದು ಅದಕ್ಕೆ ಗೊತ್ತು. ಯಾವ ಅಕ್ಷರ ಮೊದಲು, ಯಾವುದು ಆಮೇಲೆ ಎಂಬುದು ಎಲ್ಲ ಸಲವೂ ಸರಿಯಾಗಿ ಇರುವುದಿಲ್ಲ. ಮೂಲ ಫೈಲ್ ಸಿಕ್ಕರೆ ಪಿಡಿಎಫ್ ಮುಟ್ಟಬೇಡಿ. ಸಿಗದಿದ್ದರೆ ಸ್ಕ್ಯಾನ್ ಆದರೂ ಸರಿ, ಪಿಡಿಎಫ್ ಆದರೂ ಸರಿ, ಗೂಗಲ್ ಡ್ರೈವ್‌ಗೆ ಹಾಕಿ ಗೂಗಲ್ ಡಾಕ್ಸ್‌ನಲ್ಲಿ ತೆರೆಯಿರಿ. ಚಿತ್ರದಲ್ಲಿರುವ ಕನ್ನಡವನ್ನು ಓದಿ ಅಕ್ಷರ ಮಾಡಿ ಕೊಡುತ್ತದೆ. ಮೊಳೆಯಲ್ಲಿ ಅಚ್ಚಾದ ಹಳೆ ಪುಟಗಳಲ್ಲಿ ಮಸಿ ಹರಡಿರುತ್ತದೆ, ಹಾಗಾಗಿ ತಪ್ಪು ಬಂದೇ ಬರುತ್ತದೆ.

ಎಂಟರ್‌ಗಳನ್ನು ತೆಗೆಯುವ ಮೊದಲು ನಿಜವಾದ ಪ್ಯಾರಾ ಎಲ್ಲಿ ಮುಗಿಯುತ್ತದೋ ಅಲ್ಲಿ ಎರಡು ನಕ್ಷತ್ರದ ಗುರುತು ಹಾಕಿ. ಆಮೇಲೆ ಎಲ್ಲ ಎಂಟರ್‌ಗಳನ್ನೂ ಒಂದೇ ಸಲ ಸ್ಪೇಸ್‌ಗೆ ಬದಲಿಸಿ. ಕೊನೆಗೆ ನಕ್ಷತ್ರಗಳನ್ನು ಎಂಟರ್‌ಗೆ ಬದಲಿಸಿ. ಇಷ್ಟಾದ ಮೇಲೆ ಹಳೆ ಸಂಚಿಕೆಯನ್ನು ಎಡಗಡೆ ಇಟ್ಟುಕೊಂಡು ಸಾಲು ಸಾಲಾಗಿ ಹೋಲಿಸಿ ಓದಿ. ನನಗೆ ಒಂದು ಪುಟಕ್ಕೆ 15 ನಿಮಿಷ ಹಿಡಿಯುತ್ತದೆ.